ಬಾಣ ತಾಗಿದ ಮೇಲೂ ವಾಲಿ ಮಾತಾಡುವುದು ಹೇಗೆ?

ಪ್ರಶ್ನೆ: ಮಾಷ್ಟ್ರೇ, ತಾಳಮದ್ದಳೆಯಲ್ಲಿ (ವೇಷ, ಕುಣಿತ ಇಲ್ಲದೆ ಕೂತು ಹಾಡು-ಮಾತಿನಲ್ಲೇ ನಡೆಸುವ ಯಕ್ಷಗಾನ) ಬಾಣ ತಾಗಿದ ಮೇಲೂ ವಾಲಿ ಒಂದು ಗಂಟೆ ರಾಮನ ಜೊತೆ ವಾದ ಮಾಡುತ್ತಾನೆ. ಮಾತು ಕಾಲವನ್ನು ತಡೆಯುವಂಥ ಭೌತಶಾಸ್ತ್ರ ಇರಬಹುದಾ?
– ಓದುಗರೊಬ್ಬರು, ಕುಂಬಳೆ

ಉತ್ತರ: ನನಗೆ ತುಂಬಾ ಇಷ್ಟವಾದ ಪ್ರಶ್ನೆ. ಕಲ್ಪಿಸಿ ನೋಡೋಣ.

ಮೊದಲು ನಿಜದ ಲೆಕ್ಕ. ಗುರುತ್ವ ಜಾಸ್ತಿ ಇದ್ದಲ್ಲಿ ಕಾಲ ನಿಧಾನ. ಐನ್‌ಸ್ಟೈನ್ 1915ರಲ್ಲಿ ಪೂರ್ಣಗೊಳಿಸಿದ ಸಿದ್ಧಾಂತ ಹೇಳುವುದು ಇದನ್ನೇ. ಜಿಪಿಎಸ್ ಉಪಗ್ರಹಗಳು ಸುಮಾರು 20,200 ಕಿ.ಮೀ. ಎತ್ತರದಲ್ಲಿವೆ. ಅಲ್ಲಿ ಗುರುತ್ವ ಕಡಿಮೆ, ಹಾಗಾಗಿ ಗಡಿಯಾರ ದಿನಕ್ಕೆ 45 ಮೈಕ್ರೋಸೆಕೆಂಡ್ ಮುಂದೆ ಓಡುತ್ತದೆ. ವೇಗದಿಂದಾಗಿ 7 ಹಿಂದೆ ಬೀಳುತ್ತದೆ. ಉಳಿದದ್ದು 38.

ಈಗ ದ್ರವ್ಯರಾಶಿಯ ಜಾಗದಲ್ಲಿ ಅರ್ಥವನ್ನು ಇಡಿ. ಮಾತಿನಲ್ಲಿ ಅರ್ಥ ತುಂಬಿದಷ್ಟೂ ಅದರ ಹತ್ತಿರ ಕಾಲ ನಿಧಾನ. 'ಮರೆಯಲ್ಲಿ ನಿಂತು ಯಾಕೆ ಹೊಡೆದೆ?' ಎಂದು ವಾಲಿ ಕೇಳುತ್ತಾನಲ್ವಾ, ಅದಕ್ಕಿಂತ ಭಾರದ ಮಾತು ಯಾವುದಿದೆ! ಅವನ ಎದೆಯ ಬಳಿ ಒಂದು ಕ್ಷಣ ಕಳೆಯುವಾಗ ಹೊರಗೆ ಗಂಟೆಯೇ ಕಳೆದಿರುತ್ತದೆ. ಮುಂದೆ ಕೂತವರೂ ಆ ಮಾತಿನ ಹತ್ತಿರವೇ ಇರುತ್ತಾರೆ. ಹೊತ್ತು ಹೋದದ್ದೇ ಅವರಿಗೆ ಗೊತ್ತಾಗುವುದಿಲ್ಲ. ಚಾ ಅಂಗಡಿಯಲ್ಲಿ ನಿಂತವರಿಗೆ ಮಾತ್ರ ಪೂರ್ತಿ ಗಂಟೆ.

ಒಂದು ನಿಯಮ ಮಾತ್ರ ನಾನು ಬಿಟ್ಟುಕೊಡುವುದಿಲ್ಲ. ಮಾತು ಕಾಲವನ್ನು ನಿಧಾನಿಸಬಹುದು, ಹಿಂದೆ ತಿರುಗಿಸಬಾರದು. ವಾದದಲ್ಲಿ ವಾಲಿ ಗೆದ್ದರೂ ಬಾಣ ಬತ್ತಳಿಕೆಗೆ ಮರಳುವುದಿಲ್ಲ.