ಆಪ್ತಸಲಹೆ ಪ್ರಕರಣ: ನಗೆ ಇವರದು, ಹೆಸರು ಇನ್ನೊಬ್ಬರದು

(ಗುರುತು ಸಿಗದಂತೆ ವಿವರಗಳನ್ನು ಬದಲಿಸಲಾಗಿದೆ.)

48 ವರ್ಷದ ಈ ವ್ಯಕ್ತಿ ಎರಡು ದಶಕಗಳಿಂದ ಕಿರುತೆರೆಯ ಹಾಸ್ಯ ಸರಣಿಗಳಿಗೆ ಬರೆಯುತ್ತ ಬಂದವರು. ರಾತ್ರಿ ನಿದ್ದೆ ಹತ್ತುವುದಿಲ್ಲ, ಬರೆಯಲು ಕೂತರೆ ಕೈ ಓಡುವುದಿಲ್ಲ ಎಂಬುದು ಅವರ ದೂರು. ಮೊದಲ ಎರಡು ಭೇಟಿಗಳಲ್ಲಿ ನಾನು ಕೇಳಿದ್ದಕ್ಕೆಲ್ಲ ಚಟಾಕಿಯಲ್ಲೇ ಉತ್ತರ ಬಂತು. ನಾನೂ ಮನಸಾರೆ ನಕ್ಕೆ. ಅದು ನನ್ನ ತಪ್ಪು, ಏಕೆಂದರೆ ಆ ನಗುವಿನ ಮರೆಯಲ್ಲಿ ಅವರು ನಿರಾಳವಾಗಿ ಅಡಗಿಕೊಂಡರು.

ಮೂರನೆಯ ಭೇಟಿಯಲ್ಲಿ ವಿಷಯ ಹೊರಬಿತ್ತು. ರೈಲಿನಲ್ಲಿ ಎದುರು ಕೂತಿದ್ದ ಅಪರಿಚಿತರೊಬ್ಬರು, ಇವರೇ ಬರೆದ ಸಾಲೊಂದನ್ನು ನಟನ ಮಾತೆಂದು ಹೇಳಿ, ಅದೂ ಕೊನೆಯ ಪದವನ್ನು ಹಿಂದುಮುಂದು ಮಾಡಿ, ಇವರ ಮುಂದೆಯೇ ಒಪ್ಪಿಸಿದ್ದರು. "ಆ ಪದ ಕೊನೆಗೆ ಬರದಿದ್ದರೆ ನಗೆಯೇ ಹುಟ್ಟುವುದಿಲ್ಲ" ಎಂದವರು ಮೊದಲ ಬಾರಿಗೆ ತಮಾಷೆ ಬೆರೆಸದೆ ಸುಮ್ಮನಾದರು.

ಕಂತಿಗಾಗಿ ಒಬ್ಬರು ಬರೆದ ಕರಡನ್ನು ಮೇಜಿನ ಸುತ್ತ ಕೂತ ಉಳಿದ ಬರಹಗಾರರು ಸಾಲುಸಾಲಾಗಿ ತಿದ್ದುತ್ತಾರೆ, ತಾಲೀಮಿನಲ್ಲಿ ನಟರು ಮತ್ತಷ್ಟು ಬದಲಿಸುತ್ತಾರೆ. ತೆರೆಯ ಮೇಲೆ ಹೆಸರು ಬರುವುದು ಹೆಚ್ಚಾಗಿ ಕರಡು ಬರೆದವರದು. ಇವರ ಕಸುಬುಗಾರಿಕೆಯೆಲ್ಲ ತಿದ್ದುವುದರಲ್ಲಿತ್ತು. ಅಮೆರಿಕದ ಬರಹಗಾರರು 2023ರಲ್ಲಿ 148 ದಿನ ಮುಷ್ಕರ ಹೂಡಿ, ಕೃತಕ ಬುದ್ಧಿಮತ್ತೆಯನ್ನು ಬರಹಗಾರನೆಂದು ಪರಿಗಣಿಸುವಂತಿಲ್ಲ ಎಂಬ ಷರತ್ತನ್ನು ಒಪ್ಪಂದಕ್ಕೆ ಸೇರಿಸಿದ್ದನ್ನು ಪ್ರಸ್ತಾಪಿಸಿ, "ಆ ಯಂತ್ರಕ್ಕೂ ಹೆಸರಿಲ್ಲ, ನನಗೂ ಇಲ್ಲ" ಎಂದರು. ಈ ಸಲ ನಾನು ನಗಲಿಲ್ಲ.

ನಾಳೆಯಿಂದ ಜನ ನಿಮ್ಮನ್ನು ಬೀದಿಯಲ್ಲಿ ಗುರುತಿಸತೊಡಗಿದರೆ ಹೇಗಿರುತ್ತದೆ ಎಂದು ಕೇಳಿದೆ. ಅವರ ಮುಖದಲ್ಲಿ ಕಂಡದ್ದು ಆಸೆಯಲ್ಲ, ಗಾಬರಿ. ಅಲ್ಲಿಗೆ ಪ್ರಸಿದ್ಧಿಯ ಕೊರತೆ ಇವರ ನೋವಲ್ಲ ಎಂಬುದು ನನಗೆ ಖಚಿತವಾಯಿತು. ಇಷ್ಟು ವರ್ಷಗಳಲ್ಲಿ ತಾವು ಮಾಡಿದ್ದೇನು ಎಂಬುದಕ್ಕೆ ಸ್ವತಃ ಅವರ ಬಳಿಯೇ ಲೆಕ್ಕವಿರಲಿಲ್ಲ.

ಹಾಗಾಗಿ ಪ್ರತಿದಿನ ಕೆಲಸ ಮುಗಿದ ಮೇಲೆ, ತಾವು ತಿದ್ದಿದ ಸಾಲನ್ನು ಅದರ ಹಳೆಯ ರೂಪದೊಂದಿಗೆ ದಿನಾಂಕ ಹಾಕಿ ಬರೆದಿಡಲು ಸೂಚಿಸಿದೆ. ಹೆಸರಿನ ಮಾತನ್ನು ಮುಂದಿನ ಸರಣಿಯಲ್ಲಿ ಸಹಿ ಹಾಕುವ ಮೊದಲೇ ಎತ್ತಬೇಕು, ಕಂತು ಪ್ರಸಾರವಾದ ಮೇಲೆ ಮುನಿಸಿಕೊಂಡು ಫಲವಿಲ್ಲ ಎಂದೂ ಹೇಳಿದೆ. ನಿದ್ರೆಯ ತೊಂದರೆಗೆ ವೈದ್ಯರನ್ನು ಕಾಣಲು ತಿಳಿಸಿದೆ.

ಏಳು ವಾರಗಳ ನಂತರ ನೋಟ್‌ಬುಕ್ ಹಿಡಿದು ಬಂದರು. ನಿದ್ದೆ ಅರೆಬರೆ ಸುಧಾರಿಸಿತ್ತು. ಹೆಸರಿನ ಬೇಡಿಕೆಗೆ ನಿರ್ಮಾಪಕರು ಇನ್ನೂ ಉತ್ತರಿಸಿರಲಿಲ್ಲ. ನೋಟ್‌ಬುಕ್ಕಿನಲ್ಲಿ 41 ಸಾಲುಗಳಿದ್ದವು. ಅವುಗಳಲ್ಲಿ ಒಂದನ್ನು ಹೊಡೆದುಹಾಕಿ, ಅಂಚಿನಲ್ಲಿ ತಮ್ಮ ಪಕ್ಕ ಕೂರುವ ಕಿರಿಯ ಬರಹಗಾರ್ತಿಯ ಹೆಸರು ಬರೆದಿದ್ದರು. "ಇದು ಅವಳದು. ನಾನು ಮರೆತೇಬಿಟ್ಟಿದ್ದೆ" ಎಂದರು.