ರೆಜಿಮೆಂಟ್ ಯಾವ್ದು, ಬ್ರಿಗೇಡ್ ಯಾವ್ದು?

ಪ್ರಶ್ನೆ: ನಮ್ಮಣ್ಣನ ಮಗ ಮರಾಠಾ ಲೈಟ್ ಇನ್‌ಫಂಟ್ರಿಲಿ ಇದಾನೆ, ಟ್ರೇನಿಂಗ್ ಬೆಳಗಾವಿಯಲ್ಲೇ ಆಯ್ತು. ಈಗ ಫೋನ್ ಮಾಡಿದಾಗೆಲ್ಲ ನಮ್ಮ ಬ್ರಿಗೇಡು, ನಮ್ಮ ಡಿವಿಷನ್ನು ಅಂತಾನೆ, ಆ ಬ್ರಿಗೇಡಲ್ಲಿ ಗೂರ್ಖಾಗಳು ಸಿಖ್ಖರು ಎಲ್ಲಾ ಇದಾರಂತೆ. ಹಾಗಾದ್ರೆ ಅವನು ಮರಾಠಾದವನೋ ಅಲ್ವೋ? ಸ್ವಲ್ಪ ಬಿಡಿಸಿ ಹೇಳಿ.
— ಓದುಗರೊಬ್ಬರು, ಖಾನಾಪುರ

ಉತ್ತರ: ಖಂಡಿತ ಮರಾಠಾದವನೇ, ರಿಟೈರ್ ಆದ್ಮೇಲೂ ಮರಾಠಾದವನೇ. ರೆಜಿಮೆಂಟ್ ಅನ್ನೋದು ಸಿಪಾಯಿಗೆ ತವರುಮನೆ ಇದ್ದಹಾಗೆ, ಭರ್ತಿ, ಟ್ರೇನಿಂಗು, ಬ್ಯಾಡ್ಜು, ಯುದ್ಧಘೋಷ ಎಲ್ಲಾ ಅಲ್ಲಿಂದ ಬರೋದು. ಆದ್ರೆ ನಮ್ಮ ಸೇನೆಲಿ ರೆಜಿಮೆಂಟ್ ಒಟ್ಟಾಗಿ ಯುದ್ಧಕ್ಕೆ ಹೋಗಲ್ಲ. ಹೋಗೋದು ಅದರ ಒಂದೊಂದು ಬೆಟಾಲಿಯನ್ನು, ಜವಾನರು ಪಲ್ಟನ್ ಅಂತಾರಲ್ಲ ಅದು, ಸುಮಾರು 800 ಜನ, ಮೇಲೊಬ್ಬ ಕರ್ನಲ್. ಒಂದೇ ರೆಜಿಮೆಂಟಿನ ಒಂದು ಪಲ್ಟನ್ ಕಾಶ್ಮೀರದಲ್ಲಿದ್ರೆ ಇನ್ನೊಂದು ಅರುಣಾಚಲದಲ್ಲಿರಬಹುದು, ಕೆಲವು ವರ್ಷಕ್ಕೊಮ್ಮೆ ಜಾಗ ಬದಲಾಗ್ತಾ ಇರತ್ತೆ.

ಹೀಗೆ ಬೇರೆಬೇರೆ ರೆಜಿಮೆಂಟಿನ ಸಾಮಾನ್ಯವಾಗಿ ಮೂರು ಪಲ್ಟನ್ ಸೇರಿದ್ರೆ ಒಂದು ಬ್ರಿಗೇಡ್, ಅದಕ್ಕೆ ಬ್ರಿಗೇಡಿಯರ್. ಮೂರು ಬ್ರಿಗೇಡು, ಜೊತೆಗೆ ತೋಪಿನವರು, ಎಂಜಿನಿಯರುಗಳು, ಸಿಗ್ನಲ್ಸು, ರೇಷನ್ನು, ಆಸ್ಪತ್ರೆ ಎಲ್ಲಾ ಸೇರಿದ್ರೆ ಡಿವಿಷನ್, ಅದಕ್ಕೆ ಮೇಜರ್ ಜನರಲ್. ಎರಡು ಮೂರು ಡಿವಿಷನ್ ಆದ್ರೆ ಕೋರ್, ಅದಕ್ಕೆ ಲೆಫ್ಟಿನೆಂಟ್ ಜನರಲ್. ಅದರ ಮೇಲೆ ಕಮಾಂಡು, ಒಟ್ಟು ಏಳು: ಉಧಂಪುರ, ಚಂಡಿಮಂದಿರ, ಜೈಪುರ, ಪುಣೆ, ಲಖನೌ, ಕೋಲ್ಕತಾ, ಮತ್ತೆ ಶಿಮ್ಲಾದಲ್ಲಿರೋ ಟ್ರೇನಿಂಗ್ ಕಮಾಂಡ್.

ಈ ಪದ್ಧತಿ ಬ್ರಿಟಿಷರ ಕಾಲದ್ದು. 1895ರ ತನಕ ಬಂಗಾಳ, ಮದ್ರಾಸ್, ಬಾಂಬೆ ಅಂತ ಮೂರು ಸೇನೆ ಬೇರೆಬೇರೆ ಇದ್ವು, ಆ ವರ್ಷ ಒಂದು ಮಾಡಿದ್ರು. ಆದ್ರೂ ಪಲ್ಟನ್‌ಗಳು ದೇಶದ ತುಂಬ ಕಂಟೋನ್ಮೆಂಟುಗಳಲ್ಲಿ ಚದುರಿಕೊಂಡೇ ಇದ್ವು. 1902ರಲ್ಲಿ ಭಾರತದ ಸೇನೆಗೆ ದಂಡನಾಯಕನಾಗಿ ಬಂದ ಬ್ರಿಟಿಷ್ ಜನರಲ್ ಕಿಚನರ್, ಯುದ್ಧದಲ್ಲಿ ಯಾರ್ಯಾರು ಒಟ್ಟಿಗೆ ಹೋರಾಡ್ಬೇಕೋ ಅವರು ಶಾಂತಿ ಕಾಲದಲ್ಲೂ ಒಟ್ಟಿಗೇ ತಾಲೀಮು ಮಾಡ್ಬೇಕು ಅಂತ ಹಿಡಿದು 9 ಡಿವಿಷನ್‌ಗಳ ಫೀಲ್ಡ್ ಆರ್ಮಿ, ಅಂದ್ರೆ ಯುದ್ಧಕ್ಕೆ ಹೊರಡೋ ಸೇನೆ, ಕಟ್ಟೋಕೆ ಹೊರಟ. ಆತ ಅದನ್ನ ಸಾಮ್ರಾಜ್ಯಕ್ಕೋಸ್ಕರ ಮಾಡಿದ್ದು, ಅದ್ರಲ್ಲಿ ಎರಡು ಮಾತಿಲ್ಲ, ಆದ್ರೆ ಆ ವಿಚಾರ ಸರಿಯಾಗೇ ಇತ್ತು. 1949ರ ಜನವರಿ 15ಕ್ಕೆ ನಮ್ಮ ಕೊಡಗಿನ ಕಾರ್ಯಪ್ಪನವರು ಮೊದಲ ಭಾರತೀಯ ದಂಡನಾಯಕರಾದಾಗ ಕೈಗೆ ಬಂದಿದ್ದೂ ಇದೇ ಚೌಕಟ್ಟು, ದೇಶ ವಿಭಜನೆಲಿ ಅರ್ಧಂಬರ್ಧ ಹರಿದು ಹಂಚಿಹೋಗಿದ್ದು.

ಈ ಚೌಕಟ್ಟು ಕೆಟ್ರೆ ಏನಾಗತ್ತೆ ಅನ್ನೋದಕ್ಕೆ 1962ರ ಚೀನಾ ಯುದ್ಧ ನೋಡಿ. ಎರಡನೇ ಮಹಾಯುದ್ಧದಲ್ಲಿ ಆಫ್ರಿಕಾದಲ್ಲಿ ಹೆಸರು ಮಾಡಿದ್ದ 4ನೇ ಡಿವಿಷನ್ನನ್ನ ಬಯಲುಸೀಮೆ ಅಂಬಾಲದಿಂದ ಹಿಮಾಲಯಕ್ಕೆ ತಂದಿದ್ರು, ಬೆಟ್ಟದ ಯುದ್ಧಕ್ಕೆ ಬೇಕಾದ ಬಟ್ಟೆ ಇಲ್ಲ, ರಸ್ತೆ ಇಲ್ಲ, ತೋಪು ಸಾಲದು. ಕೆಲವು ಪಲ್ಟನ್‌ಗಳಂತೂ ತಮ್ಮ ಬ್ರಿಗೇಡನ್ನ ಸರಿಯಾಗಿ ನೋಡೋಕೂ ಮುಂಚೆ ಈಗಿನ ಅರುಣಾಚಲದ ಗಡಿಲಿರೋ ನಮ್ಕಾ ಚೂ ಹೊಳೆ ದಂಡೆಗೆ ಹೋಗಿ ನಿಂತ್ವು. ಅಲ್ಲಿ ಜವಾಬ್ದಾರಿ ಇದ್ದ 33ನೇ ಕೋರ್‌ನ ಕೈಯಿಂದ ತೆಗೆದು ಅಕ್ಟೋಬರ್ ಮೊದಲ ವಾರದಲ್ಲಿ ತೇಜ್‌ಪುರದಲ್ಲಿ ಹೊಸದಾಗಿ 4ನೇ ಕೋರ್ ಅಂತ ಮಾಡಿ ಜನರಲ್ ಕೌಲ್ ಅವರಿಗೆ ಕೊಟ್ರು. ಅಕ್ಟೋಬರ್ 20ರ ಬೆಳಿಗ್ಗೆ ಚೀನೀಯರು ಮೇಲೆಬಿದ್ರು, ಆ ದಂಡೆಲಿದ್ದ 7ನೇ ಬ್ರಿಗೇಡ್ ಒಂದೇ ದಿನದಲ್ಲಿ ನುಚ್ಚುನೂರಾಯ್ತು, ಬ್ರಿಗೇಡಿಯರ್ ದಳವಿ ಸೆರೆಯಾದ್ರು. ಅಲ್ಲಿದ್ದ ರಜಪೂತರು, ಗೂರ್ಖಾಗಳು ಕಡೇತನಕ ಹೋರಾಡಿ ಸತ್ತವರು, ಹೇಡಿಗಳು ಅಂತ ಯಾರಾದ್ರೂ ಅಂದ್ರೆ ನನಗೆ ಸಹಿಸೋಕಾಗಲ್ಲ. ರೆಜಿಮೆಂಟ್ ಕೊಡೋ ಧೈರ್ಯ ಅವರಲ್ಲಿತ್ತು, ಅವರ ಬೆನ್ನಿಗೆ ಬ್ರಿಗೇಡು, ಡಿವಿಷನ್ನು ಅಂತ ಇರಬೇಕಾದ್ದು ಇರಲಿಲ್ಲ.

ಅದೇ 4ನೇ ಕೋರ್ ಒಂಬತ್ತು ವರ್ಷ ಆದ್ಮೇಲೆ, 1971ರ ಬಾಂಗ್ಲಾ ಯುದ್ಧದಲ್ಲಿ, ಸಗತ್ ಸಿಂಗ್ ಅವರ ಕೈಕೆಳಗೆ ಮೂರು ಮೌಂಟನ್ ಡಿವಿಷನ್ ಇಟ್ಕೊಂಡು ಹೆಲಿಕಾಪ್ಟರಲ್ಲಿ ಮೇಘನಾ ನದಿ ದಾಟಿ ಢಾಕಾ ಬಾಗಿಲಿಗೆ ಹೋಯ್ತು. ಈ ಸಲ ತಯಾರಿಗೆ ತಿಂಗಳುಗಟ್ಟಲೆ ಟೈಮ್ ಸಿಕ್ಕಿತ್ತು, ರಸ್ತೆ ಮಾಡ್ಕೊಂಡ್ರು, ಸಾಮಾನು ತುಂಬಿಸ್ಕೊಂಡ್ರು. ಡಿಸೆಂಬರ್ 16ಕ್ಕೆ ಪಾಕಿಸ್ತಾನಿ ಸೇನೆಯ ಶರಣಾಗತಿ.

ಪ್ರಶ್ನೆ: ಸ್ಟ್ರೈಕ್ ಕೋರ್ ಅಂದ್ರೇನು ಸರ್? ಬೇರೆ ಕೋರ್‌ಗಳು ಯುದ್ಧ ಮಾಡಲ್ವಾ?
— ಪದವಿ ವಿದ್ಯಾರ್ಥಿ, ಗದಗ

ಉತ್ತರ: ಮಾಡ್ತವೆ. ಗಡಿಲಿ ನಿಂತು ಹಿಡಿದಿಟ್ಟುಕೊಳ್ಳೋ ಕೋರ್‌ಗಳು ಒಂದು ಬಗೆ, ಒಳನಾಡಲ್ಲಿದ್ದು ಟ್ಯಾಂಕ್ ಸಮೇತ ಶತ್ರು ನೆಲಕ್ಕೆ ನುಗ್ಗೋಕೆ ಅಂತ ಇಟ್ಟಿರೋದು ಸ್ಟ್ರೈಕ್ ಕೋರ್. ಮಥುರಾದ 1ನೇ ಕೋರ್, ಅಂಬಾಲದ 2ನೇ ಕೋರ್, ಭೋಪಾಲದ 21ನೇ ಕೋರ್ ಹೀಗೆ ಬೆಳೆದಂಥವು. 2001ರಲ್ಲಿ ಪಾರ್ಲಿಮೆಂಟ್ ಮೇಲೆ ದಾಳಿ ಆದಾಗ ಇವುಗಳನ್ನ ಗಡಿಗೆ ತರೋಕೆ ಸುಮಾರು ಮೂರು ವಾರ ಹಿಡೀತು, ಅಷ್ಟೊತ್ತಿಗೆ ಹೊರಗಿನ ದೇಶಗಳ ಒತ್ತಡ ಬಂದು ಕೂತಿತ್ತು. ಅದಾದ್ಮೇಲೇ ಗಡಿ ಹತ್ರದ ಕೋರ್‌ಗಳಿಗೂ ಬೇಗ ನುಗ್ಗೋ ಶಕ್ತಿ ಕೊಡ್ಬೇಕು, ಡಿವಿಷನ್‌ಗಿಂತ ಚಿಕ್ಕ ಸ್ವತಂತ್ರ ದಳ ಕಟ್ಬೇಕು ಅನ್ನೋ ಯೋಚನೆ ಜೋರಾಗಿದ್ದು. ಇತ್ತೀಚೆಗೆ ಚೀನಾ ಕಡೆ ಗಮನ ಹೆಚ್ಚಾಗಿ ಮಥುರಾ ಕೋರ್‌ನ ಮುಖವನ್ನೂ ಉತ್ತರಕ್ಕೆ ತಿರುಗಿಸಿದಾರೆ, ಬೆಟ್ಟದ ಯುದ್ಧಕ್ಕೇ ಅಂತ ಪಾನಾಗಢದಲ್ಲಿ 17ನೇ ಕೋರ್ ಬೇರೆ ಇದೆ.