ಲೋಕದ ಬಿರುಕಿಗೆ ಸುರ್ಕಿ ಗಾರೆ
ಬೆಸೆಗಾರಿಕೆ, ಅಂದರೆ ಎರಡು ಲೋಕಗಳ ನಡುವಿನ ಬಿರುಕು ಬೆಸೆಯುವ ಕಸುಬು: ಓದುಗರು ಕೇಳಿದ್ದು, ಬಲ್ಲವರು ಹೇಳಿದ್ದು

ಪ್ರಶ್ನೆ: ಅಡುಗೆಮನೆಯಲ್ಲಿ ಒಲೆಯ ಮೇಲ್ಗಡೆ ಗೋಡೆ ಗೇಣುದ್ದ ಬಿರುಕು ಬಿಟ್ಟಿದೆ. ಅದರಾಚೆ ಕಾಣುವುದೂ ನಮ್ಮದೇ ಅಡುಗೆಮನೆ, ಆದರೆ ಅಲ್ಲಿ ಸೌದೆ ಒಲೆ. ಇಲ್ಲಿ ಗ್ಯಾಸ್ ಹಚ್ಚಿದರೆ ಅಲ್ಲಿ ಹಾಲು ಉಕ್ಕುತ್ತದೆ. ಸಿಮೆಂಟು ತುಂಬಿಸಿದೆವು. ಹದಿನೈದೇ ದಿನಕ್ಕೆ ಪಕ್ಕದಲ್ಲಿ ಇನ್ನೊಂದು ಬಿರುಕು. ಏನು ಮಾಡುವುದು?
– ಗೃಹಿಣಿ, ಪಾಂಡವಪುರ

ಉತ್ತರ: ಸಿಮೆಂಟು ಹಾಕಿದ್ದೇ ತಪ್ಪಾಯಿತು ತಾಯಿ. ಅದು ಬೇಗ ಗಟ್ಟಿಯಾಗಿ ಮೊಂಡು ಹಿಡಿದು ಕೂರುತ್ತದೆ. ಎರಡು ಲೋಕದ ಬಿಸಿಲು ಒಂದೇ ಹೊತ್ತಿಗೆ ಏರುವುದಿಲ್ಲ; ಈಚೆ ಗೋಡೆ ಹಿಗ್ಗುವಾಗ ಆಚೆಯದು ಕುಗ್ಗುತ್ತಿರುತ್ತದೆ. ಬೆಸುಗೆ ಬಗ್ಗದೆ ಹೋದರೆ ಪಕ್ಕದ ಗೋಡೆ ಸೀಳುತ್ತದೆ. ಮೊದಲು ಸಿಮೆಂಟನ್ನು ಉಳಿಯಲ್ಲಿ ನಿಧಾನಕ್ಕೆ ಕೆತ್ತಿ ತೆಗೆಸಿ. ಡ್ರಿಲ್ ಬೇಡ, ಆಚೆ ಮನೆಯವರ ಪಾತ್ರೆ ಉರುಳುತ್ತವೆ.

ಆಮೇಲೆ ಬಿರುಕಿನ ಮುಂದೆ ಗಾರೆಯವರ ತೂಗುಗುಂಡು ಇಳಿಬಿಡಿ. ದಾರ ನೆಟ್ಟಗೆ ನಿಂತರೆ ಎರಡೂ ಲೋಕ ಸಮತೂಕ. ಬಿರುಕಿನ ಕಡೆ ವಾಲಿದರೆ ಆಚೆಯದು ಭಾರ. ವಾಲಿದ್ದು ಒಂದು ಬೆರಳಿನೊಳಗಿದ್ದರೆ ಮನೆಯವರೇ ಮಾಡಿಕೊಳ್ಳಬಹುದು. ಅದಕ್ಕೆ ಮೀರಿದ್ದರೆ ಕೈ ಹಾಕಬೇಡಿ, ಪಳಗಿದ ಬೆಸೆಗಾರರನ್ನು ಕರೆಸಿ.

ಇನ್ನು ಸಾಕ್ಷಿ. ಎರಡೂ ಕಡೆ ಒಂದೇ ಜಾಗದಲ್ಲಿ ಕೂತು, ಒಂದೇ ಥರ ಸವೆದ ವಸ್ತು ಬೇಕು. ಹಳೇ ಮನೆಯಲ್ಲಿ ಒರಳುಕಲ್ಲಿಗಿಂತ ಒಳ್ಳೆ ಸಾಕ್ಷಿ ಇಲ್ಲ. ಗುಳಿಯೊಳಗೆ ಅಂಗೈಯಿಟ್ಟು ಸವರಿ. ಕಲ್ಲು ತಣ್ಣಗಿದ್ದೂ ಇನ್ನೊಂದು ಕೈಯ ಬಿಸಿ ತಾಗಿದರೆ ಅದು ಒಪ್ಪಿದೆ ಎಂದು ಅರ್ಥ. (ಮಿಕ್ಸಿ ಆಗುತ್ತದೆಯೇ ಎಂದು ಕೇಳುವವರು ಇದ್ದೇ ಇದ್ದಾರೆ. ಆಗುವುದಿಲ್ಲ.) ಕೆಲಸ ಮುಗಿಯುವವರೆಗೆ ಸಾಕ್ಷಿಯನ್ನು ಅಲುಗಿಸಕೂಡದು.

ಗಾರೆಗೆ ಒಂದು ಸೇರು ಅರಳಿಸಿದ ಸುಣ್ಣ, ಎರಡು ಸೇರು ಜರಡಿ ಹಿಡಿದ ಇಟ್ಟಿಗೆ ಪುಡಿ. ಪುಡಿಯಲ್ಲಿ ಅರ್ಧ ಆಚೆ ಗೋಡೆಯದೇ ಆಗಬೇಕು. ಬಿರುಕಿನೊಳಗೆ ಸೌಟಿನ ಹಿಡಿ ತೂರಿಸಿ ಕೆರೆದರೆ ಉದುರುತ್ತದೆ. ಸುಟ್ಟು ಕಪ್ಪಾದ ಇಟ್ಟಿಗೆ ಬೇಡ, ಅದರ ಪುಡಿ ಸುಣ್ಣದ ಜೊತೆ ಕೂಡದೆ ಬರೀ ಮರಳಿನಂತೆ ಉಳಿಯುತ್ತದೆ. ಹದವಾಗಿ ಬೆಂದದ್ದಾದರೆ ಸುಣ್ಣ ಕಚ್ಚಿಕೊಂಡು ನೀರಿನಲ್ಲೂ ಗಟ್ಟಿಯಾಗುತ್ತದೆ. 1911ರಲ್ಲಿ ಕೆಲಸ ಹಿಡಿದ ಕನ್ನಂಬಾಡಿ ಕಟ್ಟೆಯ ಕಲ್ಲುಗಳನ್ನು ಇವತ್ತಿಗೂ ಹಿಡಿದಿರುವುದು ಇದೇ ಸುರ್ಕಿ. ಕಲಸುವ ನೀರಿಗೆ ಒಂದು ಹಿಡಿ ಬೆಲ್ಲ ಕದಡಿ. ಆಲೆಮನೆಯ ಕಪ್ಪು ಬೆಲ್ಲವೇ ಬೇಕು. ಹೈಡ್ರೋಸ್ ಹಾಕಿ ಬೆಳ್ಳಗೆ ಮಾಡಿದ್ದನ್ನು ಬಳಸಿದರೆ ಆಚೆಯ ಹೊಗೆಮಸಿ ಈಚೆ ಗೋಡೆಯಲ್ಲಿ ಮೂಡುತ್ತದೆ.

ಎರಡೂ ಒಲೆ ಆರಿದ ಹೊತ್ತು ನೋಡಿ ಕೆಳಗಿನಿಂದ ಮೇಲಕ್ಕೆ ತುಂಬಿ. ದಿನಕ್ಕೆ ಒಂದು ಬೆರಳಿನ ಎತ್ತರ, ಅಷ್ಟೇ. ಆಮೇಲೆ 21 ದಿನ ಒದ್ದೆ ಗೋಣಿತಾಟು ಹೊದಿಸಿಡಿ. ಬುಡದಲ್ಲಿ ಎಳ್ಳುಕಾಳು ತೂರುವಷ್ಟು ತೂತು ಬಿಡುವುದನ್ನು ಮರೆಯಬೇಡಿ. ಇರುವೆ ಆ ತೂತಿನಲ್ಲಿ ಹೋಗಿ ಬಂದು ಮಾಡುತ್ತಿದ್ದರೆ ಬೆಸುಗೆ ಹದವಾಗಿದೆ. ಸಾಲು ತೂತಿನ ಬಾಯಲ್ಲೇ ನಿಂತು ವಾಪಸ್ಸು ತಿರುಗಿದರೆ ಬಿಗಿಯಾಯಿತು. ಮೇಲಿನ ಪದರ ಕೆರೆದು ಮತ್ತೆ ತುಂಬಿ.

ಪ್ರಶ್ನೆ: ಬೆಸುಗೆ ಆದಾಗಿನಿಂದ ಮನೆಯಲ್ಲಿ ಎರಡು ಏಕಾದಶಿ. ಅತ್ತೆಯವರು ನಿನ್ನೆ ಉಪವಾಸ ಮಾಡಿದರು, ಪಕ್ಕದ ಮನೆಯವರು ಇವತ್ತು ಅನ್ನುತ್ತಾರೆ. ಲೋಕ ತಪ್ಪಿ ಕೂತಿದೆಯೇ?
– ಓದುಗರು, ಅಗ್ರಹಾರ, ಮೈಸೂರು

ಉತ್ತರ: ಇಲ್ಲ. ಪಕ್ಕದ ಮನೆಯವರು ವೈಷ್ಣವರೇ ಎಂದು ಒಮ್ಮೆ ವಿಚಾರಿಸಿ.

ಪ್ರಶ್ನೆ: ಬೆಸೆಗಾರಿಕೆ ಕಲಿಯಲು ಸಂಗಮದ ದಡ ಒಳ್ಳೆಯದಂತೆ, ನಿಜವೇ?
– ವಿದ್ಯಾರ್ಥಿ, ಶ್ರೀರಂಗಪಟ್ಟಣ

ಉತ್ತರ: ನಿಜ. ನಿಮ್ಮೂರನ್ನು ಸುತ್ತುವರಿದ ಕಾವೇರಿಯ ಎರಡು ಕವಲು ಅಲ್ಲೇ ಮತ್ತೆ ಕೂಡುವುದು. ಮೆಟ್ಟಿಲ ಮೇಲೆ ಕೂತು ನೋಡಿ, ನೀರಿಗಿಳಿಯಬೇಡಿ, ಸುಳಿ ಇದೆ. ಎರಡು ಹರಿವು ಸೇರಿದ ಕೂಡಲೇ ಒಂದಾಗುವುದಿಲ್ಲ; ಸ್ವಲ್ಪ ದೂರ ಒಂದನ್ನೊಂದು ಉಜ್ಜಿಕೊಂಡು ಹೋಗುತ್ತವೆ. ಆ ಉಜ್ಜಾಟಕ್ಕೆ ನಾವು ಒರಸು ಎನ್ನುತ್ತೇವೆ. ಕಣ್ಣಿಗೆ ಒರಸು ಕಾಣುವವರೆಗೆ ಗಾರೆ ಮುಟ್ಟಬೇಡಿ.

ಪ್ರಶ್ನೆ: ಕಟ್ಟೆಯೇ ಕಟ್ಟದ, ನಮ್ಮ ಹಿರೀಕರ ಊರು ಮುಳುಗದ ಲೋಕ ಒಂದಿದೆಯಂತೆ. ಅದನ್ನು ನಮ್ಮದಕ್ಕೆ ಬೆಸೆಯಬಹುದೇ ಸ್ವಾಮಿ?
– ರೈತರು, ಹೊಸ ಕನ್ನಂಬಾಡಿ

ಉತ್ತರ: ನಿಮ್ಮ ಆಸೆ ಅರ್ಥವಾಗುತ್ತದೆ, ಆದರೆ ಆಗದು. ಕಟ್ಟೆ ತುಂಬಿದಾಗ ನೀರು 124.80 ಅಡಿ. ಆ ಭಾರ ಈಚೆ ಇದೆ, ಆಚೆ ಇಲ್ಲ. ತೂಗುಗುಂಡು ಅಲ್ಲಿ ನೆಟ್ಟಗೆ ನಿಲ್ಲುವ ಮಾತೇ ಇಲ್ಲ. ಬೆಸೆದರೆ ನೀರು ಹಗುರ ಕಡೆಗೆ ನುಗ್ಗುತ್ತದೆ: ಆಚೆಯ ಊರೂ ಮುಳುಗುತ್ತದೆ, ಈಚೆ ನಾಲೆಯೂ ಒಣಗುತ್ತದೆ, ಮಂಡ್ಯದ ಕಬ್ಬು ನಿಂತಲ್ಲೇ ಸುಡುತ್ತದೆ. ವೇಣುಗೋಪಾಲಸ್ವಾಮಿ ಗುಡಿ ಸಾಕ್ಷಿಯಾಗದೇ ಎಂದೂ ಕೇಳಬಹುದು. ಅದನ್ನು ಈಚೆ ಬಿಚ್ಚಿ ತಂದು ನಿಮ್ಮೂರಲ್ಲಿ ಮತ್ತೆ ಕಟ್ಟಿದ್ದಾರೆ, ಆಚೆ ಇನ್ನೂ ಮೊದಲಿನ ಜಾಗದಲ್ಲೇ ಇದೆ. ಜಾಗ ಬದಲಿಸಿದ ಕಲ್ಲು ಸಾಕ್ಷಿ ಹೇಳುವುದಿಲ್ಲ. ಇಣುಕಿ ನೋಡುವುದಕ್ಕೆ ಅಡ್ಡಿಯಿಲ್ಲ. ಬೇಸಿಗೆಯಲ್ಲಿ ನೀರು ತಗ್ಗಿದಾಗ ಹಿನ್ನೀರಿನ ಅಂಚಿಗೆ ಹೋಗಿ, ಹಿತ್ತಾಳೆ ತಂಬಿಗೆಯಲ್ಲಿ ಮುಕ್ಕಾಲು ನೀರು ಹಿಡಿದು ಅದರೊಳಗೆ ನೋಡಿ. ಆಚೆಯಿಂದ ಯಾರಾದರೂ ಹೆಸರು ಹಿಡಿದು ಕೂಗಿದರೆ ಓಗೊಡದೆ ನೀರು ಚೆಲ್ಲಿಬಿಡಿ.